ಬೆಟ್ಟ ತೋರಿಸುವುದೂ ಒಂದು ಕೆಲಸ

ಗುಂಡ್ಲುಪೇಟೆ ಬಸ್‌ಸ್ಟ್ಯಾಂಡಿನಲ್ಲಿ ಬೆಳಿಗ್ಗೆ ಹೊತ್ತು ನಿಂತರೆ ಎರಡು ಬಗೆಯ ಜನ ಕಾಣುತ್ತಾರೆ. ಹೆಗಲಿಗೆ ಬ್ಯಾಗು ಹಾಕಿಕೊಂಡು ನಂಜನಗೂಡಿನ ಕಾರ್ಖಾನೆಗೋ, ಮೈಸೂರಿಗೋ, ಬೆಂಗಳೂರಿಗೋ ಹೊರಟ ನಮ್ಮ ಕಡೆಯ ಹುಡುಗರು ಒಂದು ಕಡೆ. ಅದೇ ಮೈಸೂರು, ಬೆಂಗಳೂರು, ಕೇರಳದಿಂದ ನಮ್ಮ ಬೆಟ್ಟ ನೋಡಲು ಬಂದವರು ಇನ್ನೊಂದು ಕಡೆ. ನಾವು ಕೆಲಸ ಹುಡುಕಿಕೊಂಡು ಹೋಗುವ ರಸ್ತೆಯಲ್ಲೇ ಜನ ಎದುರಿನಿಂದ ಬರುತ್ತಿದ್ದಾರೆ. ಹಾಗೆ ಬರುವವರಿಂದ ನಮಗೊಂದು ಕೆಲಸ ಹುಟ್ಟಬಹುದೇ?

ಎರಡು ವರ್ಷದಿಂದ ಈ ಪ್ರಶ್ನೆಗೆ ನನ್ನ ಮಟ್ಟಿಗೆ ಉತ್ತರ ಹುಡುಕುತ್ತಿದ್ದೇನೆ. ಬಿ.ಎ. ಮುಗಿಸಿದ್ದೇನೆ. ವಾರದ ದಿನಗಳಲ್ಲಿ ಚಾಮರಾಜನಗರದ ಲೈಬ್ರರಿಯಲ್ಲಿ ಎಫ್‌ಡಿಎ ಪರೀಕ್ಷೆಗೆ ಓದು. ಶನಿವಾರ, ಭಾನುವಾರ ಮೈಸೂರಿನ ಒಂದು ಟ್ರಾವೆಲ್ಸ್‌ನವರು ಕರೆದಾಗ ಅವರ ಅತಿಥಿಗಳನ್ನು ಹಿಮವದ್ ಗೋಪಾಲಸ್ವಾಮಿ ಬೆಟ್ಟಕ್ಕೆ ಕರೆದುಕೊಂಡು ಹೋಗಿ, ಸಂಜೆಗೆ ವಾಪಸ್ ಬಿಡುತ್ತೇನೆ. ಕಾರು, ಡ್ರೈವರ್ ಟ್ರಾವೆಲ್ಸ್‌ನವರದು. ಮಾತು, ದಾರಿ, ವೇಳೆ ನನ್ನ ಜವಾಬ್ದಾರಿ.

ಮನೆಯಲ್ಲಿ ಇದನ್ನು ಹೇಳಿದಾಗ ಅಪ್ಪ ಕೇಳಿದ್ದು ಒಂದೇ ಮಾತು: ‘ಬೆಟ್ಟ ಅಲ್ಲೇ ಅದಲ್ಲ, ಅವರ್ಗ ಕಣ್ಣಿಲ್ವ? ತೋರ್ಸೋಕ ನೀನ್ಯಾಕ?’

ಅಪ್ಪನ ಪ್ರಶ್ನೆಯಲ್ಲಿ ತಪ್ಪಿಲ್ಲ. ಹಂಗಳದ ಕಡೆಯ ಹೊಲದಲ್ಲಿ ನಿಂತು ತಲೆ ಎತ್ತಿದರೆ ಬೆಟ್ಟ ಕಾಣುತ್ತದೆ. ಸಮುದ್ರ ಮಟ್ಟದಿಂದ 1,454 ಮೀಟರ್ ಎತ್ತರ. ಗುಂಡ್ಲುಪೇಟೆಯಿಂದ ಸುಮಾರು 20 ಕಿ.ಮೀ. ಊಟಿ ರಸ್ತೆಯಲ್ಲಿ ಹೋಗಿ ಹಂಗಳದಲ್ಲಿ ತಿರುಗಿಕೊಂಡರೆ ಆಯಿತು. ಖಾಸಗಿ ವಾಹನಗಳನ್ನು ತಪ್ಪಲಿನಲ್ಲೇ ನಿಲ್ಲಿಸಬೇಕು. ಅಲ್ಲಿಂದ ಮೇಲಕ್ಕೆ ಸಾರಿಗೆ ಸಂಸ್ಥೆಯ ಬಸ್ಸು. ಬೆಟ್ಟ ಇರುವುದು ಬಂಡೀಪುರ ಹುಲಿ ಸಂರಕ್ಷಿತ ಪ್ರದೇಶದೊಳಗೆ. ಹಾಗಾಗಿ ದೇವಸ್ಥಾನದ ಆಸುಪಾಸು ಬಿಟ್ಟು ಕಾಡಿಗೆ ಕಾಲಿಡುವಂತಿಲ್ಲ, ಚಾರಣ ಇಲ್ಲ, ರಾತ್ರಿ ತಂಗುವಂತಿಲ್ಲ. ಬಹಳ ಮಂದಿ ಬಸ್ಸು ಇಳಿದು, ಮೆಟ್ಟಿಲು ಹತ್ತಿ, ಕೈಮುಗಿದು, ಸೆಲ್ಫಿ ತೆಗೆದುಕೊಂಡು, ಮುಂದಿನ ಬಸ್ಸಿಗೆ ಇಳಿದುಬಿಡುತ್ತಾರೆ. ಇದಕ್ಕೆ ಗೈಡ್ ಬೇಕಿಲ್ಲ ಎನ್ನುವುದು ನಿಜವೇ.

ಆದರೆ ಕಳೆದ ವರ್ಷದ ಜುಲೈನಲ್ಲಿ ಬಂದ ಒಂದು ಜಪಾನಿ ದಂಪತಿ ಜೊತೆ ಕಳೆದ ದಿನ, ಈ ಕೆಲಸ ಏನು ಎಂಬುದನ್ನು ನನಗೇ ಸ್ಪಷ್ಟ ಮಾಡಿತು. ಸರ್ ಕೆಲಸದ ಮೇಲೆ ಬೆಂಗಳೂರಿನ ಹತ್ತಿರ ಇದ್ದವರು. ಮೇಡಂಗೆ ‘ನಮಸ್ಕಾರ’, ‘ಸಾಕು’, ‘ಚೆನ್ನಾಗಿದೆ’ ಎನ್ನುವಷ್ಟು ಕನ್ನಡ ಬರುತ್ತಿತ್ತು. ಉಳಿದದ್ದು ಇಂಗ್ಲಿಷ್. ಅವರದೂ ನಿಧಾನ, ನನ್ನದೂ ನಿಧಾನ. ಹಾಗಾಗಿ ಇಬ್ಬರಿಗೂ ಅನುಕೂಲವೇ ಆಯಿತು.

ಅವರು ಬರುವ ಮೊದಲು, ಅವರ ದೇಶದಲ್ಲಿ ಇಂಥ ಪ್ರವಾಸ ಹೇಗೆ ನಡೆಯುತ್ತದೆ ಎಂದು ಒಂದಿಷ್ಟು ಓದಿಕೊಂಡಿದ್ದೆ. ಜಪಾನಿನ ಫ್ಯೂಜಿ ಪರ್ವತದ ಎತ್ತರ 3,776 ಮೀಟರ್, ನಮ್ಮ ಬೆಟ್ಟದ ಎರಡೂವರೆ ಪಟ್ಟಿಗೂ ಹೆಚ್ಚು. ಟೋಕಿಯೊದಿಂದ ಸುಮಾರು 100 ಕಿ.ಮೀ. ಗೈಡ್ ಜೊತೆ ಕಾರಿನಲ್ಲಿ ಬೆಳಿಗ್ಗೆ ಹೊರಟು ಸಂಜೆ ಮರಳುವ ಪ್ರವಾಸ ಅಲ್ಲಿ ಬಹಳ ಜನಪ್ರಿಯ. ಹಾಗೆ ಹೋಗುವವರಲ್ಲಿ ಹೆಚ್ಚಿನವರು ಶಿಖರ ಹತ್ತುವುದೇ ಇಲ್ಲ. ಕವಾಗುಚಿ ಕೆರೆ, ಗುಡ್ಡದ ಮೇಲಿನ ಐದಂತಸ್ತಿನ ಪಗೋಡ, ಓಶಿನೊ ಎಂಬ ಹಳ್ಳಿಯ ಎಂಟು ಕೊಳ, ಸಾಧ್ಯವಾದರೆ ಸುಮಾರು 2,300 ಮೀಟರ್ ಎತ್ತರದವರೆಗೆ ರಸ್ತೆ ಇರುವ ‘ಐದನೇ ನಿಲ್ದಾಣ’ ನೋಡಿಕೊಂಡು ಬರುತ್ತಾರೆ. ಅಂದರೆ ಒಂದು ಬೆಟ್ಟವನ್ನು ಹತ್ತದೆಯೇ ಇಡೀ ದಿನ ತೋರಿಸಬಹುದು. ಹತ್ತಲು ಬಿಡದ ಬೆಟ್ಟದ ತಪ್ಪಲಿನಲ್ಲಿ ಹುಟ್ಟಿದ ನನಗೆ ಈ ಸಂಗತಿ ತುಂಬ ಉಪಯೋಗಕ್ಕೆ ಬಂತು.

ಬೆಳಿಗ್ಗೆ 6 ಗಂಟೆಗೆ ಮೈಸೂರು ಬಿಟ್ಟೆವು. ನಂಜನಗೂಡು ದಾಟಿ ಬೇಗೂರಿನ ಹತ್ತಿರ ಬಂದರೆ ಜುಲೈನಲ್ಲಿ ರಸ್ತೆಯ ಎರಡೂ ಬದಿ ಸೂರ್ಯಕಾಂತಿ, ಚೆಂಡುಹೂ. ಸುಮ್ಮನೆ ಹೊಲಕ್ಕೆ ನುಗ್ಗದೆ ರೈತರನ್ನು ಕೇಳಿ, ಅವರು ಹೇಳಿದಷ್ಟು ದುಡ್ಡು ಕೊಟ್ಟು ಫೋಟೊ ತೆಗೆಸಿದೆ. ಈ ಚೆಂಡುಹೂ ಹಾರಕ್ಕಲ್ಲ, ಬಣ್ಣದ ಅಂಶ ತೆಗೆಯುವ ಕಾರ್ಖಾನೆಗೆ ಹೋಗುತ್ತದೆ ಎಂದಾಗ ಸರ್ ಕಾರಿನಿಂದ ಇಳಿದು ಹೂವನ್ನು ಮೂಸಿ ನೋಡಿದರು. ಗುಂಡ್ಲುಪೇಟೆಯಲ್ಲಿ ತಟ್ಟೆ ಇಡ್ಲಿ. ಆಮೇಲೆ ಹಂಗಳ, ತಪ್ಪಲು, ಬಸ್ಸು.

ಮೇಲೆ ಹೋದರೆ ಬೆಟ್ಟವೇ ಇಲ್ಲ! ಮಂಜು ಎಷ್ಟು ದಟ್ಟವಾಗಿತ್ತೆಂದರೆ ಹತ್ತು ಮೆಟ್ಟಿಲು ಆಚೆಗಿನ ಗೋಪುರವೂ ಕಾಣುತ್ತಿರಲಿಲ್ಲ. ಡ್ರೈವರ್ ಅಣ್ಣ ಬೆಳಿಗ್ಗೆಯೇ ಎಚ್ಚರಿಸಿದ್ದರು: ‘ಏನೂ ಕಾಣ್ನಿಲ್ಲ ಅಂತ ಬೇಜಾರ್ ಮಾಡ್ಕೊಂಡಾರು, ನೋಡ್ಕೊ.’ ನಾನು ಮುಂಚಿತವಾಗಿ ಮೇಡಂಗೆ ಹೇಳಿದೆ: ಈ ಮಂಜಿಗೇ ಇದು ‘ಹಿಮವದ್’ ಗೋಪಾಲಸ್ವಾಮಿ ಬೆಟ್ಟ. ಅವರು ನಕ್ಕುಬಿಟ್ಟರು. ಬೇಸಿಗೆಯಲ್ಲಿ ಫ್ಯೂಜಿ ನೋಡಲು ಹೋದವರು ಮೋಡ ನೋಡಿಕೊಂಡು ಬರುವುದು ಅವರ ಕಡೆ ಮಾಮೂಲಂತೆ. ಚೆನ್ನಾಗಿ ಕಾಣುವುದು ಚಳಿಗಾಲದಲ್ಲಿ. ಒಳ್ಳೆಯ ಗೈಡ್ ಯಾರೂ ‘ಫ್ಯೂಜಿ ತೋರಿಸುತ್ತೇನೆ’ ಎಂದು ಮಾತು ಕೊಡುವುದಿಲ್ಲ ಎಂದರು. ‘ಹಾಗಾದರೆ ದಿನವಿಡೀ ಏನು ಮಾಡುತ್ತಾರೆ?’ ಎಂದು ಕೇಳಿದೆ. ‘ಅದನ್ನೇ ಈಗ ನೀವು ಮಾಡಬೇಕು’ ಎಂದರು!

ಮಾಡಿದೆ. ದೇವಸ್ಥಾನ ಹೊಯ್ಸಳರ ಕಾಲದ್ದು, 1315ರ ಸುಮಾರಿಗೆ ಬಲ್ಲಾಳ ದೊರೆಯ ಆಳ್ವಿಕೆಯಲ್ಲಿ ಕಟ್ಟಿದ್ದು ಎಂದು ಹೇಳಿದೆ. ಒಳಗೆ ಕೊಳಲೂದುವ ಕೃಷ್ಣ. ಗರ್ಭಗುಡಿಯಲ್ಲಿ ಜಿನುಗುವ ತಣ್ಣೀರ ಹನಿಯನ್ನು ಅರ್ಚಕರು ತೀರ್ಥವಾಗಿ ಪ್ರೋಕ್ಷಿಸಿದಾಗ ಇಬ್ಬರೂ ಕಣ್ಣು ಮುಚ್ಚಿ ತಲೆ ಬಾಗಿಸಿದರು. ಹೊರಗೆ ಬಂದು ಬೆಟ್ಟದ ಎಂಟು ತೀರ್ಥಗಳ ವಿಷಯ ತೆಗೆದೆ. ಅದರಲ್ಲೊಂದು ಹಂಸತೀರ್ಥ. ಅದರಲ್ಲಿ ಮಿಂದ ಕಾಗೆ ಹಂಸವಾಯಿತು, ಅದಕ್ಕೇ ಈ ಬೆಟ್ಟದಲ್ಲಿ ಕಾಗೆ ಕಾಣುವುದಿಲ್ಲ ಎಂಬ ಕಥೆ ನಮ್ಮಜ್ಜಿ ಹೇಳುತ್ತಿದ್ದದ್ದು.

‘ಎಂಟು?’ ಎಂದು ಸರ್ ನಿಂತುಬಿಟ್ಟರು. ಓಶಿನೊದ ಕೊಳಗಳೂ ಎಂಟೇ. ಫ್ಯೂಜಿಯ ಹಿಮ ಕರಗಿ, ಲಾವಾ ಕಲ್ಲಿನ ಪದರಗಳಲ್ಲಿ ಸೋಸಿಕೊಂಡು ಬಂದು ಅಲ್ಲಿ ಬುಗ್ಗೆಯಾಗಿ ಏಳುತ್ತದೆ. ಹಿಂದೆ ಯಾತ್ರಿಕರು ಬೆಟ್ಟ ಹತ್ತುವ ಮೊದಲು ಆ ನೀರಿನಲ್ಲಿ ಶುದ್ಧರಾಗುತ್ತಿದ್ದರು. ಅಲ್ಲಿಂದ ಮುಂದೆ ನಮ್ಮ ಮಾತಿಗೆ ತಡೆಯೇ ಇರಲಿಲ್ಲ. ಫೋಟೊದಲ್ಲಿ ಬೆಟ್ಟ ಬರಲಿಲ್ಲ ಎಂಬುದನ್ನು ಇಬ್ಬರೂ ಮರೆತಿದ್ದರು.

ಒಂದೆಡೆ ಆನೆ ಲದ್ದಿ ಬಿದ್ದಿತ್ತು. ಈ ಬೆಟ್ಟದಲ್ಲಿ ದೇವಸ್ಥಾನದ ಅಂಗಳದವರೆಗೂ ಒಂಟಿ ಆನೆ ಬರುವುದುಂಟು. ಕಾಣಿಸಿದರೆ ಓಡಬಾರದು, ಕಿರುಚಬಾರದು, ಮೊಬೈಲ್ ಹಿಡಿದು ಹತ್ತಿರ ಹೋಗಲೇಬಾರದು, ಸಿಬ್ಬಂದಿ ಹೇಳಿದಂತೆ ಕೇಳಬೇಕು ಎಂದು ವಿವರಿಸಿದೆ. 2019ರ ಫೆಬ್ರವರಿಯಲ್ಲಿ ಇದೇ ಸುತ್ತಿನ ಕಾಡಿಗೆ ಬೆಂಕಿ ಬಿದ್ದು ದಿನಗಟ್ಟಲೆ ಉರಿದದ್ದನ್ನು ಹೇಳಿದೆ. ಬಂಡೀಪುರದ ರಸ್ತೆಗಳಲ್ಲಿ 2009ರಿಂದ ರಾತ್ರಿ 9ರಿಂದ ಬೆಳಿಗ್ಗೆ 6ರವರೆಗೆ ಯಾಕೆ ವಾಹನ ಬಿಡುವುದಿಲ್ಲ ಎಂಬುದನ್ನೂ ಹೇಳಿದೆ. ಇವು ಯಾವುವೂ ಫಲಕದಲ್ಲಿ ಬರೆದ ಸಾಲುಗಳಲ್ಲ. ನಮ್ಮ ಕಡೆ ಬೆಳೆದ ಯಾರಿಗಾದರೂ ಗೊತ್ತಿರುವ ವಿಷಯ. ಆದರೆ ಆ ಇಬ್ಬರಿಗೆ ಅದನ್ನು ಹೇಳಲು ಆ ಬೆಟ್ಟದ ಮೇಲೆ ಆ ಹೊತ್ತಿನಲ್ಲಿ ಇದ್ದವನು ನಾನೊಬ್ಬನೇ. ಅಪ್ಪನ ಪ್ರಶ್ನೆಗೆ ಉತ್ತರ ಅಲ್ಲಿದೆ. ಕಣ್ಣಿಗೆ ಕಾಣುವುದನ್ನು ತೋರಿಸಲು ಯಾರೂ ದುಡ್ಡು ಕೊಡುವುದಿಲ್ಲ. ಕಾಣದ್ದನ್ನು ತಿಳಿದವರಿಗೆ ಕೊಡುತ್ತಾರೆ.

ಜಪಾನಿನಲ್ಲಿ ಇದು ಹಳೆಯ ವೃತ್ತಿ. ಫ್ಯೂಜಿಯ ತಪ್ಪಲಿನ ಪಟ್ಟಣದಲ್ಲಿ ‘ಓಶಿ’ ಎಂಬ ಮನೆತನಗಳಿದ್ದವು. ದೂರದಿಂದ ಬಂದ ಯಾತ್ರಿಕರಿಗೆ ಊಟ, ವಸತಿ ಕೊಟ್ಟು, ಅವರ ಪರವಾಗಿ ಪ್ರಾರ್ಥನೆ ಮಾಡಿ, ಬೆಟ್ಟದ ಕ್ರಮ ತಿಳಿಸಿ ಕಳಿಸುವುದು ಅವರ ಬದುಕು. ಅಂಥ ಹಳೆಯ ಮನೆಗಳು 2013ರಲ್ಲಿ ಯುನೆಸ್ಕೊ ಫ್ಯೂಜಿಗೆ ಕೊಟ್ಟ ವಿಶ್ವ ಪರಂಪರೆ ಮಾನ್ಯತೆಯ ಭಾಗವಾಗಿವೆ. ಆಧುನಿಕ ಕಾಲದಲ್ಲೂ ವಿದೇಶಿಯರಿಗೆ ಅವರ ಭಾಷೆಯಲ್ಲಿ ಹಣ ಪಡೆದು ವಿವರಿಸಬೇಕಾದರೆ ಸರ್ಕಾರದ ಕಠಿಣ ಪರೀಕ್ಷೆ ಪಾಸಾಗಲೇಬೇಕಿತ್ತು. 1949ರ ಆ ಕಾನೂನನ್ನು 2018ರಲ್ಲಷ್ಟೇ ಸಡಿಲಿಸಿದರು. ಪರೀಕ್ಷೆ, ಲೈಸೆನ್ಸ್ ಈಗಲೂ ಇದೆ. ಅದು ಇದ್ದವರಿಗೆ ಬೆಲೆಯೂ ಇದೆ. ನಮ್ಮಲ್ಲಿ ಅಂಗಡಿ ಮುಂದೆ ನಿಂತವರು ‘ಗೈಡ್ ಬೇಕಾ ಸಾರ್?’ ಎಂದರೆ ಜನ ಮುಖ ತಿರುಗಿಸುತ್ತಾರೆ. ಆ ನಂಬಿಕೆಯನ್ನು ಮೊದಲು ಗಳಿಸಿಕೊಳ್ಳಬೇಕು.

ಅಲ್ಲಿಂದ ಕಲಿಯಬೇಕಾದ ಎಚ್ಚರಿಕೆಯೂ ಇದೆ. ಫ್ಯೂಜಿಯ ಒಂದು ದಾರಿಯಲ್ಲಿ ಜನಸಂದಣಿ ತಾಳಲಾರದೆ 2024ರಲ್ಲಿ ದಿನಕ್ಕೆ 4,000 ಮಂದಿಯ ಮಿತಿ, 2,000 ಯೆನ್ ಶುಲ್ಕ ತಂದರು. ಅದೇ ವರ್ಷ ಕವಾಗುಚಿ ಕೆರೆಯ ಊರಿನಲ್ಲಿ ಒಂದು ಅಂಗಡಿಯ ಹಿಂದೆ ಕಾಣುವ ಫ್ಯೂಜಿಯ ಫೋಟೊಗಾಗಿ ಜನ ರಸ್ತೆಗೆ ನುಗ್ಗುತ್ತಿದ್ದರೆಂದು, ಸ್ಥಳೀಯ ಆಡಳಿತ ಎರಡೂವರೆ ಮೀಟರ್ ಎತ್ತರದ ಕಪ್ಪು ಪರದೆ ಕಟ್ಟಿಸಿತು. ನಮ್ಮ ಬೆಟ್ಟಕ್ಕೆ ಖಾಸಗಿ ವಾಹನ ಬಿಡದಿರುವುದು ಕಿರಿಕಿರಿ ಎನ್ನುವ ಗೆಳೆಯರಿಗೆ ನಾನು ಇದನ್ನು ಹೇಳುತ್ತೇನೆ. ಬೆಟ್ಟ ಕೆಟ್ಟರೆ ಮೊದಲು ಹೋಗುವುದು ನಮ್ಮ ಕೆಲಸವೇ.

ಇನ್ನು ಲೆಕ್ಕದ ಮಾತು. ಕೆಲಸ ಹುಡುಕುವವರಿಗೆ ಬೇಕಾದದ್ದು ಅದು ತಾನೆ? ನನಗೆ ಒಂದು ದಿನಕ್ಕೆ 1,500 ರೂಪಾಯಿ ಸಿಗುತ್ತದೆ. ಸೀಸನ್ನಿನಲ್ಲಿ ತಿಂಗಳಿಗೆ ಆರು ಟ್ರಿಪ್ಪು ಸಿಕ್ಕರೆ 9,000. ಪರೀಕ್ಷೆ ಕಾಲದಲ್ಲಿ, ಜೋರು ಮಳೆಯಲ್ಲಿ ಒಂದೋ ಎರಡೋ. ಒಂದೂ ಸಿಗದ ತಿಂಗಳೂ ಇದೆ. ಪಿ.ಎಫ್. ಇಲ್ಲ, ರಜೆ ಇಲ್ಲ. ಇದನ್ನು ನಂಬಿ ಓದು ಬಿಡಿ ಎಂದು ಯಾರಿಗೂ ಹೇಳಲಾರೆ, ನಾನೂ ಬಿಟ್ಟಿಲ್ಲ. ಆದರೆ ಪರೀಕ್ಷೆ ಅರ್ಜಿ, ಪುಸ್ತಕ, ಬಸ್ ಪಾಸಿಗೆ ಮನೆಯಲ್ಲಿ ಕೈಚಾಚುವುದು ನಿಂತಿದೆ. ಅದು ಸಣ್ಣ ವಿಷಯವಲ್ಲ.

ಮುಂದುವರಿಯಲು ದಾರಿಯೂ ಇದೆ. ಕೇಂದ್ರ ಪ್ರವಾಸೋದ್ಯಮ ಸಚಿವಾಲಯ ‘ಇನ್‌ಕ್ರೆಡಿಬಲ್ ಇಂಡಿಯಾ ಟೂರಿಸ್ಟ್ ಫೆಸಿಲಿಟೇಟರ್’ ಹೆಸರಿನಲ್ಲಿ ಆನ್‌ಲೈನ್ ಕೋರ್ಸ್, ಪ್ರಮಾಣಪತ್ರ ಆರಂಭಿಸಿತು. ನಾನು ಓದಿದ್ದು ಅದನ್ನೇ, ಮೊಬೈಲಿನಲ್ಲಿ. ಕಾಡು, ಹಕ್ಕಿ, ಮರಗಳಲ್ಲಿ ಆಸಕ್ತಿ ಇರುವವರಿಗೆ ನ್ಯಾಚುರಲಿಸ್ಟ್ ಕೆಲಸವಿದೆ. ರಾಜ್ಯ ಸರ್ಕಾರದ ಜಂಗಲ್ ಲಾಡ್ಜಸ್ ಸಂಸ್ಥೆಯ ವಸತಿಗೃಹಗಳು ನಮ್ಮ ಜಿಲ್ಲೆಯ ಬಂಡೀಪುರದಲ್ಲೂ ಕೆ.ಗುಡಿಯಲ್ಲೂ ಇವೆ. ಭಾಷೆಯ ವಿಷಯದಲ್ಲಿ ಗಡಿನಾಡಿನ ನಾವು ಅದೃಷ್ಟವಂತರು. ಸಂತೆಯಲ್ಲಿ ತಮಿಳು, ಮಲಯಾಳ ಕೇಳಿಕೊಂಡೇ ಬೆಳೆದವರು. ಬೆಟ್ಟಕ್ಕೆ ಬರುವವರಲ್ಲಿ ಮಲಯಾಳಿಗಳು ಎಷ್ಟಿದ್ದಾರೆಂದು ಒಂದು ಭಾನುವಾರ ನಿಂತು ನೋಡಿ. ಅವರ ಭಾಷೆಯಲ್ಲೇ ಸ್ಥಳದ ಕಥೆ ಹೇಳುವ ನಮ್ಮ ಹುಡುಗಿಯರು, ಹುಡುಗರು ಎಷ್ಟಿದ್ದಾರೆ ಎಂಬುದನ್ನೂ ನೋಡಿ.

ಕಲಿಯಲು ಮೊದಲ ಪುಸ್ತಕ ಮನೆಯಲ್ಲೇ ಇದೆ. ಎಂಟು ತೀರ್ಥಗಳ ಹೆಸರು ಅಜ್ಜಿಗೆ ಬಾಯಿಪಾಠ. ಯಾವ ತಿಂಗಳು ಆನೆ ಯಾವ ಕಡೆಯಿಂದ ಹೊಲಕ್ಕೆ ಇಳಿಯುತ್ತದೆ ಎಂಬುದು ಅಪ್ಪನಿಗೆ ಗೊತ್ತು. ಹೋದ ತಿಂಗಳು ನಾನು ನೋಟ್‌ಬುಕ್ ಹಿಡಿದು ಅಪ್ಪನ ಮುಂದೆ ಕೂತಾಗ, ‘ಇದ್ನೂ ಬರ್ಕತೀಯ?’ ಎಂದು ನಕ್ಕರು. ಆಮೇಲೆ ಒಂದೂವರೆ ಗಂಟೆ ನಿಲ್ಲಿಸದೆ ಹೇಳಿದರು. ಐದು ಪುಟ ತುಂಬಿದೆ. ಮುಂದಿನ ಟ್ರಿಪ್ಪಿನಲ್ಲಿ ಮಂಜು ಬಿದ್ದರೆ ಹೇಳಲು ನನ್ನ ಬಳಿ ಇನ್ನಷ್ಟು ಮಾತಿದೆ.