ಕ್ರ್ಯಾಂಕ್ ಬೋಲ್ಟಿಗೆ ಕೈ ಅಂದಾಜು ಸಾಲದು

ಕಬ್ಬು ಎಳೆಯುವ ನಮ್ಮ ಟ್ರ್ಯಾಕ್ಟರಿನ ಎಂಜಿನ್ ಬಿಚ್ಚಿ ಕಟ್ಟಿಸಿ ತಿಂಗಳಾಗಿರಲಿಲ್ಲ, ಒಳಗೆ ಬಡಿತ ಶುರುವಾಯಿತು. ಬಿಚ್ಚಿದರೆ, ಮೇನ್ ಬೇರಿಂಗ್ ಜಾಗದಲ್ಲೇ ತಿರುಗಿ ಎಣ್ಣೆಯ ತೂತು ಮುಚ್ಚಿತ್ತು. ಬೋಲ್ಟು ಬಿಗಿದದ್ದು ಕೈ ಅಂದಾಜಿನಲ್ಲಿ!

ಎರಡನೇ ಸಲ ಹುಮನಾಬಾದ್–ಬಸವಕಲ್ಯಾಣ ಹೆದ್ದಾರಿ ಬದಿಯ ಲಾರಿ ಮಿಸ್ತ್ರಿಯ ಹತ್ತಿರ ಒಯ್ದು, ಪಕ್ಕದಲ್ಲೇ ಕುಂತೆ. "ನೂರು ಪಾಲು ಜೋರು ಹಾಕಿದ್ರ ಹಿಡಿತಕ್ಕ ಸಿಗೋದು ಸುಮಾರು ಹತ್ತೇ ಪಾಲು ಮಾಲಕ್ರೆ, ಉಳಿದದ್ದು ತಿಕ್ಕಾಟಕ್ಕ ಹೋಗ್ತದ" ಎಂದರು. ಥ್ರೆಡ್ಡಿನಲ್ಲಿ ತುಕ್ಕು, ಕಸ ಇದ್ದರೆ ಟಾರ್ಕ್ ಪಾನಾ ಕೂಡ ಮೋಸ ಹೋಗುತ್ತದೆ.

ಅವರು ಮಾಡಿದ್ದು ಇಷ್ಟು: ಬೋಲ್ಟು, ತೂತು ತೊಳೆದು ಒಣಗಿಸಿದರು. ಎಂಜಿನ್ ಪುಸ್ತಕ ಹೇಳಿದಂತೆ ಥ್ರೆಡ್ಡಿಗೂ ಬೋಲ್ಟಿನ ತಲೆಯಡಿಗೂ ತೆಳ್ಳಗೆ ಎಣ್ಣೆ ಸವರಿದರು. ಕ್ಯಾಪುಗಳನ್ನು ನಂಬರು, ದಿಕ್ಕು ನೋಡಿ ಕೂರಿಸಿದರು. ಐದು ಕ್ಯಾಪಿನಲ್ಲಿ ಮೊದಲು ನಡುವಿನ 3, ಆಮೇಲೆ 2, 4, ಕೊನೆಗೆ 1, 5. ಪುಸ್ತಕದ ಅಳತೆಯನ್ನು ಮೂರು ಸುತ್ತಿನಲ್ಲಿ ಮುಟ್ಟಿಸಿದರು. ಪ್ರತಿ ಸುತ್ತಿಗೂ ಕ್ರ್ಯಾಂಕ್ ಕೈಯಿಂದ ತಿರುಗಿಸಿ ನೋಡಿದರು.

ಅಳತೆಯ ಲೆಕ್ಕ ತಪ್ಪಬಾರದು: 1 ಕಿಲೋಗ್ರಾಂ-ಮೀಟರ್ ಎಂದರೆ ಸುಮಾರು 9.8 ನ್ಯೂಟನ್-ಮೀಟರ್, 7.2 ಅಡಿ-ಪೌಂಡ್. ಕಡಿಮೆಯಾದರೆ ಬೇರಿಂಗ್ ತಿರುಗುತ್ತದೆ. ಹೆಚ್ಚಾದರೆ ಬೋಲ್ಟು ಹಿಗ್ಗಿ ಕೆಡುತ್ತದೆ.

ಎಂಜಿನ್ ಕಟ್ಟಿಸುವ ಮೊದಲು ಕೂಲಿ ಕೇಳುವುದಕ್ಕಿಂತ ಮುಂಚೆ ಇದನ್ನು ಕೇಳಿ: "ಟಾರ್ಕ್ ಪಾನಾ ಅದ ಏನ್ರಿ?"