ಕೆಂಗೇರಿ: ಹಳೆಯ ಊರೊಂದು ಉಪನಗರವಾದ ಬಗೆ

ಬೆಂಗಳೂರಿನ ನೈರುತ್ಯಕ್ಕೆ, ಮೈಸೂರು ರಸ್ತೆಯ ಮೇಲೆ, ಕೆಂಪೇಗೌಡ ಬಸ್ಸು ನಿಲ್ದಾಣದಿಂದ ಸುಮಾರು 15 ಕಿಲೋಮೀಟರು ದೂರದಲ್ಲಿರುವ ಕೆಂಗೇರಿಯು ಇಂದು ಮಹಾನಗರದ ಒಂದು ಭಾಗ. ಮುಂಜಾನೆ ಹೊರಟು ನಗರದ ಕಚೇರಿ ಕಾರ್ಖಾನೆಗಳಲ್ಲಿ ದುಡಿದು, ರಾತ್ರಿ ತಂಗುವುದಕ್ಕೆ ಮಾತ್ರ ಹಿಂದಿರುಗುವ ಸಂಸಾರಿಗರು ಇಲ್ಲಿ ಅಸಂಖ್ಯರು. ಆದರೆ ಕೆಂಗೇರಿ ನಗರವು ಹೆತ್ತ ಊರಲ್ಲ. ಬೆಂಗಳೂರು ಪೇಟೆಯ ಕೋಟೆಗಿದ್ದ ಹೆಬ್ಬಾಗಿಲುಗಳಲ್ಲಿ ಒಂದಕ್ಕೆ ಕೆಂಗೇರಿ ಬಾಗಿಲೆಂದೇ ಹೆಸರು. ಹಲಸೂರು, ಯಲಹಂಕ, ಆನೇಕಲ್ಲುಗಳಂತೆ ಇದೂ ಪೇಟೆಯಿಂದ ಹೊರಟ ದಾರಿಯು ಮುಟ್ಟುತ್ತಿದ್ದ ಬೇರೆಯೇ ಊರಾಗಿದ್ದಿತೆಂಬುದಕ್ಕೆ ಆ ಹೆಸರೇ ಸಾಕ್ಷಿ. ಇಂಥ ಊರು ಉಪನಗರವಾದುದು ಹೇಗೆ, ಮತ್ತು ಅಷ್ಟು ತಡವಾಗಿ ಏಕೆ ಎಂಬುದನ್ನು ಇಲ್ಲಿ ವಿಚಾರಿಸಬಯಸುತ್ತೇವೆ.

ತಡವಾಗಿ ಎಂದೆವು. ಇದಕ್ಕೆ ಕಾರಣವುಂಟು. ಉಪನಗರಗಳ ಬೆಳವಣಿಗೆಯನ್ನು ಕುರಿತ ಗ್ರಂಥಗಳು ಸಾಮಾನ್ಯವಾಗಿ ಲಂಡನ್ನಿನ ಸುತ್ತಣ ಹಳ್ಳಿಗಳ ಉದಾಹರಣೆಯನ್ನು ಕೊಡುತ್ತವೆ. ಪಿನ್ನರ್ ಎಂಬ ಹಳ್ಳಿಯನ್ನೇ ತೆಗೆದುಕೊಳ್ಳೋಣ. 1336ರಲ್ಲಿ ಜಾತ್ರೆ ನಡೆಸಲು ರಾಜಾಜ್ಞೆಯನ್ನು ಪಡೆದ ಪುರಾತನ ಗ್ರಾಮವಿದು. 1885ರಲ್ಲಿ ಮೆಟ್ರೊಪಾಲಿಟನ್ ರೈಲ್ವೆಯು ಅಲ್ಲಿಗೆ ಬಂದಿತು. ಮುಂದಿನ ಐವತ್ತು ವರ್ಷಗಳಲ್ಲಿ ಅಲ್ಲಿನ ಹೊಲಗಳೆಲ್ಲ ಮನೆಗಳಾದವು. ಇದನ್ನು ಓದಿದ ವಿದ್ಯಾರ್ಥಿಯು, ರೈಲು ಬಂದರೆ ಹಳ್ಳಿಯು ಉಪನಗರವಾಗುತ್ತದೆಂಬ ಸುಲಭ ಸೂತ್ರವನ್ನು ಹಿಡಿದುಕೊಳ್ಳುತ್ತಾನೆ. ಕೆಂಗೇರಿಯು ಈ ಸೂತ್ರವನ್ನು ಸುಳ್ಳು ಮಾಡುತ್ತದೆ. ಬೆಂಗಳೂರು–ಮೈಸೂರು ಮೀಟರ್ ಗೇಜ್ ಮಾರ್ಗವು 1882ರಲ್ಲಿ ಪೂರ್ಣಗೊಂಡಿತು. ಎಂದರೆ ಕೆಂಗೇರಿಯ ರೈಲು ಪಿನ್ನರ್‌ನದಕ್ಕಿಂತ ಹಿರಿಯದು. ಆದರೂ ಮುಕ್ಕಾಲು ಶತಮಾನ ಕಳೆದ ಮೇಲೂ ಇದು ಕೆರೆ, ತೋಟ, ಹೊಲಗಳ ನಡುವಣ ಊರಾಗಿಯೇ ಉಳಿದಿದ್ದಿತು.

ಕಾರಣವನ್ನು ಮೊದಲು ರೈಲಿನ ಸ್ವಭಾವದಲ್ಲಿಯೇ ಹುಡುಕಬೇಕು. ಮೆಟ್ರೊಪಾಲಿಟನ್ ರೈಲ್ವೆಗೆ ಹಳಿಯ ಅಕ್ಕಪಕ್ಕದ ಹೆಚ್ಚುವರಿ ಭೂಮಿಯನ್ನು ಇಟ್ಟುಕೊಳ್ಳುವ ವಿಶೇಷಾಧಿಕಾರವಿದ್ದಿತು. 1919ರಲ್ಲಿ ಮನೆ ನಿವೇಶನಗಳ ವ್ಯವಹಾರಕ್ಕಾಗಿಯೇ ಒಂದು ಸಂಸ್ಥೆ ಅದರ ನೆರಳಿನಲ್ಲಿ ಹುಟ್ಟಿಕೊಂಡಿತು. ಟಿಕೇಟು ಮಾರುವವನೇ ಮನೆಯನ್ನೂ ಮಾರಿದನೆನ್ನಬಹುದು. ನಮ್ಮ ಮೈಸೂರು ಮಾರ್ಗದ ಹುಟ್ಟು ಬೇರೆ. 1876–78ರ ಘೋರ ಕ್ಷಾಮದ ನೆರಳಿನಲ್ಲಿ ಸಂಸ್ಥಾನದ ಹಣದಿಂದ ಕಟ್ಟಲ್ಪಟ್ಟ ಆ ಒಂಟಿ ಹಳಿಯ ಉದ್ದೇಶವು ಎರಡು ರಾಜಧಾನಿಗಳನ್ನು ಜೋಡಿಸುವುದು. ಕೆಂಗೇರಿಯ ಗೃಹಸ್ಥನನ್ನು ಬೆಳಿಗ್ಗೆ ಕಚೇರಿಗೆ ಮುಟ್ಟಿಸುವುದಲ್ಲ.

ಅದಕ್ಕಿಂತ ಮುಖ್ಯವಾದ ಕಾರಣವು ನಗರದಲ್ಲಿದ್ದಿತು. ಪೇಟೆಯ ನೇಕಾರನ ಮಗ್ಗವು ಅವನ ಮನೆಯಲ್ಲಿಯೇ ಇದ್ದಿತು; ವರ್ತಕನ ಸಂಸಾರವು ಅಂಗಡಿಯ ಹಿಂದೆಯೋ ಮಹಡಿಯಲ್ಲಿಯೋ ಇರುತ್ತಿದ್ದಿತು. 1892ರ ಚಾಮರಾಜಪೇಟೆ, 1898ರ ಪ್ಲೇಗಿನ ಕಾಲದ ಬಸವನಗುಡಿ ಮಲ್ಲೇಶ್ವರಗಳು ನಡೆದೇ ಮುಟ್ಟಬಹುದಾದ ಬಡಾವಣೆಗಳು. ಎದುರಿಗೇ ಜಾಗವಿರುವಾಗ 15 ಕಿಲೋಮೀಟರು ಹೋಗುವವರು ಯಾರು? 1941ರಲ್ಲಿ ಸುಮಾರು 4 ಲಕ್ಷವಿದ್ದ ಜನಸಂಖ್ಯೆಯು 1951ಕ್ಕೆ ಸುಮಾರು 7.8 ಲಕ್ಷವಾದಾಗಲೂ ಕೆಂಗೇರಿಯ ಸರದಿ ಬರಲಿಲ್ಲ. ಏಕೆಂದರೆ ಉದ್ಯೋಗವೆಲ್ಲ ಎದುರು ದಿಕ್ಕಿನಲ್ಲಿ ಬೆಳೆಯಿತು. 1940ರ ವಿಮಾನ ಕಾರ್ಖಾನೆ, 1948ರ ದೂರವಾಣಿ ಕಾರ್ಖಾನೆ ಪೂರ್ವಕ್ಕೆ. 1950ರ ದಶಕದ ಎಚ್.ಎಂ.ಟಿ. ಮತ್ತು ಭಾರತ್ ಎಲೆಕ್ಟ್ರಾನಿಕ್ಸ್ ಉತ್ತರಕ್ಕೆ. ಅವು ಕಾರ್ಮಿಕರಿಗೆ ತಮ್ಮ ಮಗ್ಗುಲಲ್ಲಿಯೇ ವಸತಿಗಳನ್ನು ಕಟ್ಟಿಕೊಟ್ಟವು. ಪಶ್ಚಿಮದಲ್ಲಿ 1949ರಲ್ಲಿ ತಳಹದಿ ಬಿದ್ದ ರಾಜಾಜಿನಗರ, ಅನಂತರದ ವಿಜಯನಗರ ಇವೆರಡೂ ತುಂಬಿದ ಮೇಲೆಯೇ ನಗರದ ಕಣ್ಣು ಮೈಸೂರು ರಸ್ತೆಯ ಉದ್ದಕ್ಕೆ ಹರಿಯಿತು.

1964ರಲ್ಲಿ ಸ್ಥಾಪನೆಯಾದ ಬೆಂಗಳೂರು ವಿಶ್ವವಿದ್ಯಾನಿಲಯವು ಮುಂದೆ ನಗರಕ್ಕೂ ಕೆಂಗೇರಿಗೂ ನಡುವೆ ಜ್ಞಾನಭಾರತಿಯಲ್ಲಿ ನೆಲೆಯೂರಿತು. ಹಳೆಯ ಊರಿನ ಪಕ್ಕದಲ್ಲಿ ‘ಕೆಂಗೇರಿ ಉಪನಗರ’ವೆಂಬ ಹೆಸರಿನಿಂದಲೇ ಯೋಜಿತ ಬಡಾವಣೆಯೊಂದು ಎದ್ದಿತು. ಜನರನ್ನು ಹೊತ್ತು ತಂದದ್ದು ಬಸ್ಸು; ಕರೆದು ತಂದದ್ದು ನಿವೇಶನ. ರೈಲು ನೋಡುತ್ತ ನಿಂತಿದ್ದಿತು. 1990ರ ದಶಕದಲ್ಲಿ ಹಳಿಯು ಬ್ರಾಡ್ ಗೇಜಾಗಿ, ಆಮೇಲೆ ಜೋಡಿಯಾದ ನಂತರ ಅದೂ ನೌಕರರ ಕೈಹಿಡಿಯಿತು. ಉಪನಗರವಾಗಲು ಮೂರು ಸಂಗತಿಗಳು ಒಟ್ಟುಗೂಡಬೇಕೆಂದು ಇದರಿಂದ ನಮಗೆ ತೋರುತ್ತದೆ: ಮನೆಯಿಂದ ದೂರವಾದ ಸಂಬಳದ ದುಡಿಮೆ, ಹೊಲವನ್ನು ನಿವೇಶನ ಮಾಡುವ ಒಂದು ಕೈ, ದಿನವಹಿ ಹೋಗಿಬರಲು ಕೈಗೆಟುಕುವ ವಾಹನ. ಪಿನ್ನರ್‌ನಲ್ಲಿ ಎರಡನೆಯದೂ ಮೂರನೆಯದೂ ಒಂದೇ ಕೈಯಲ್ಲಿದ್ದವು. ಕೆಂಗೇರಿಯಲ್ಲಿ ಮೂರೂ ಬೇರೆ ಬೇರೆ ಕಾಲದಲ್ಲಿ, ಬೇರೆ ಬೇರೆ ಬಾಗಿಲಿನಿಂದ ಬಂದವು.

ಹಳೆಯ ಊರು ಇದಕ್ಕೆ ಕೊಟ್ಟ ಬೆಲೆಯನ್ನೂ ಹೇಳಬೇಕು. ಬೆಂಗಳೂರು ದಿಣ್ಣೆಯ ಮೇಲಿನ ನಗರ. ಅದರ ಪಶ್ಚಿಮ ಭಾಗದ ನೀರೆಲ್ಲ ವೃಷಭಾವತಿಯಾಗಿ ಕೆಂಗೇರಿಯ ಮಗ್ಗುಲಲ್ಲಿ ಹರಿದು ಅರ್ಕಾವತಿಯನ್ನು ಸೇರುತ್ತದೆ. ಮೇಲಣ ಬಡಾವಣೆಗಳು ಬೆಳೆದಂತೆ ಆ ಹೊಳೆ ಕೊಳಚೆಯ ಕಾಲುವೆಯಾಯಿತು. ಕೆಳಗಿನ ಬೈರಮಂಗಲ ಜಲಾಶಯದ ಅಚ್ಚುಕಟ್ಟಿನ ರೈತರಿಗೂ ಅದೇ ನೀರು ಪಾಲಿಗೆ ಬಂದಿತು. ನಗರವು ಕೆಂಗೇರಿಗೆ ನೆರೆಯವನಾಗಿ ಬರುವುದಕ್ಕೆ ಇಳಿಜಾರೇ ಸಾಕಾಗಿದ್ದಿತು. ರಸ್ತೆ ರೈಲುಗಳ ಅಗತ್ಯವೂ ಇರಲಿಲ್ಲ.

ಎರಡನೆಯದು ಸ್ವಂತ ಆಡಳಿತ. 2007ರಲ್ಲಿ ಬೃಹತ್ ಬೆಂಗಳೂರು ಮಹಾನಗರ ಪಾಲಿಕೆಯು ರಚಿತವಾದಾಗ ಅದರಲ್ಲಿ ಏಳು ನಗರಸಭೆಗಳೂ ನೂರಕ್ಕೂ ಹೆಚ್ಚು ಹಳ್ಳಿಗಳೂ ಸೇರಿದವು. ಸೇರಿದ ಪುರಸಭೆ ಮಾತ್ರ ಒಂದೇ, ಅದು ಕೆಂಗೇರಿ. ಪಿನ್ನರ್ ಕೂಡ 1934ರಲ್ಲಿ ಹ್ಯಾರೊ ನಗರ ಜಿಲ್ಲೆಯಲ್ಲಿ ಲೀನವಾಯಿತಾದರೂ ಅದರ ಜಾತ್ರೆಯು ಇಂದಿಗೂ ವರ್ಷಕ್ಕೊಮ್ಮೆ ಹಳೆಯ ಬೀದಿಯಲ್ಲಿಯೇ ನೆರೆಯುತ್ತದೆ. 2025ರಲ್ಲಿ ಬೃಹತ್ ಪಾಲಿಕೆಯೇ ಒಡೆದು ಐದು ಪಾಲಿಕೆಗಳಾದುವು. ತನ್ನ ಚರಂಡಿಯ ಮಾತನ್ನು ತನ್ನ ಊರಿನಲ್ಲಿಯೇ ಆಡಿ ತೀರ್ಮಾನಿಸುತ್ತಿದ್ದ ಪುರಸಭೆಯು ಕೆಂಗೇರಿಗೆ ಮರಳಿ ಬರಲಿಲ್ಲ.

ಮೆಟ್ರೊ ರೈಲು 2021ರ ಆಗಸ್ಟಿನಲ್ಲಿ ಕೆಂಗೇರಿಯನ್ನು ಮುಟ್ಟಿತು. 2023ರ ಅಕ್ಟೋಬರಿನಲ್ಲಿ ಅದೇ ಮಾರ್ಗವು ಪೂರ್ವದ ವೈಟ್‌ಫೀಲ್ಡಿನಿಂದ ಪಶ್ಚಿಮದ ಚಲ್ಲಘಟ್ಟದವರೆಗೆ, 43 ಕಿಲೋಮೀಟರಿಗೂ ಹೆಚ್ಚು ಉದ್ದಕ್ಕೆ, ಅಖಂಡವಾಯಿತು. ಉದ್ಯೋಗವು ಎದುರು ದಿಕ್ಕಿನಲ್ಲಿದ್ದಿತೆಂಬ ಹಳೆಯ ಅಡಚಣೆ ಹೀಗೆ ಎಷ್ಟೋ ಮಟ್ಟಿಗೆ ತೊಲಗಿತು. ಈಗ ಚಲ್ಲಘಟ್ಟ, ಕುಂಬಳಗೋಡುಗಳ ಕಡೆಗೆ ನಿವೇಶನಗಳು ನಡೆಯುತ್ತಿವೆ. ನಮ್ಮ ವಿದ್ಯಾರ್ಥಿಗಳು ಆ ಊರುಗಳ ಹಳೆಯ ಸರ್ವೆ ನಕ್ಷೆಗಳಲ್ಲಿ ಗ್ರಾಮಠಾಣ, ಕೆರೆ, ರಾಜಕಾಲುವೆಗಳನ್ನು ಗುರುತಿಸಿಕೊಂಡು, ನಕ್ಷೆ ಕೈಯಲ್ಲಿ ಹಿಡಿದು ಒಮ್ಮೆ ನಡೆದು ಬರಬೇಕು. ಕೆಂಗೇರಿಯಲ್ಲಿ ಆ ಕೆಲಸಕ್ಕೆ ಕಾಲ ಬಹುಮಟ್ಟಿಗೆ ಮೀರಿದೆ. ಅಲ್ಲಿ ಇನ್ನೂ ಸಾಧ್ಯವುಂಟು.