ಒಂಬೈನೂರು ಕಿಲೋ ಮಾತ್ರೆ

ವಿಶಾಖಪಟ್ಟಣ, ವಿಜಯವಾಡ ಎರಡೂ ಸೇರಿದರೆ 2011ರ ಜನಗಣತಿಯಲ್ಲೇ 27 ಲಕ್ಷ ಜನ. ಅವರಲ್ಲಿ ಹದಿನೈದರಿಂದ ನಲವತ್ತೊಂಬತ್ತರ ನಡುವಿನ ಹೆಂಗಸರು ಏಳು ಲಕ್ಷ ಎಂದಿಟ್ಟುಕೊಳ್ಳೋಣ. ಈಗ ಮೈಸೂರಿನ ಒಂದು ಲೆಕ್ಕವನ್ನು ಆ ಊರುಗಳಿಗೆ ಒಯ್ದು ನೋಡಬೇಕು. 2005–06ರಲ್ಲಿ ಪೂರ್ಣಿಮಾ ಮದಿವಾಣನ್ ಮತ್ತು ಸಂಗಡಿಗರು ಮೈಸೂರಿನ ಎಳೆವಯಸ್ಸಿನ ಹೆಂಗಸರ ಯೋನಿಸ್ರಾವವನ್ನು ಗಾಜಿನ ಪಟ್ಟಿಗೆ ಹಚ್ಚಿ ಪರೀಕ್ಷಿಸಿದರು. 863 ಮಂದಿಯಲ್ಲಿ 165 ಮಂದಿಗೆ ಬ್ಯಾಕ್ಟೀರಿಯಲ್ ವಜೈನೋಸಿಸ್, ಅಂದರೆ ಯೋನಿಯ ಬ್ಯಾಕ್ಟೀರಿಯಾಗಳ ಸಮತೋಲ ತಪ್ಪುವ ರೋಗ, ಇತ್ತು. ಇನ್ನು 133 ಮಂದಿ ಅದರ ಅಂಚಿನಲ್ಲಿದ್ದರು.

ನೂರಕ್ಕೆ ಹತ್ತೊಂಬತ್ತು. ಅದೇ ಪ್ರಮಾಣ ಹಿಡಿದರೆ ಆ ಎರಡು ನಗರಗಳಲ್ಲಿ 1.3 ಲಕ್ಷ ಹೆಂಗಸರಾದರು. ವಾಡಿಕೆಯ ಚಿಕಿತ್ಸೆ ಮೆಟ್ರೊನಿಡಜೋಲ್: 500 ಮಿಲಿಗ್ರಾಂ, ದಿನಕ್ಕೆ ಎರಡು ಸಲ, ಏಳು ದಿನ. ಒಬ್ಬಳಿಗೆ 7 ಗ್ರಾಂ ಔಷಧ. ಎಲ್ಲರಿಗೂ ಕೊಟ್ಟರೆ 910 ಕಿಲೋ. ಮೆಲ್ಬರ್ನ್‌ನಲ್ಲಿ ಕ್ಯಾಟ್ರಿಯೋನಾ ಬ್ರಾಡ್‌ಶಾ ತಂಡ 2006ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಈ ಮಾತ್ರೆ ನುಂಗಿದವರ ಪೈಕಿ ನೂರಕ್ಕೆ 58 ಮಂದಿಗೆ ವರ್ಷದೊಳಗೆ ರೋಗ ಮರುಕಳಿಸಿತ್ತು. ಅಂದರೆ ನಮ್ಮ ಲೆಕ್ಕದಲ್ಲಿ 75 ಸಾವಿರ ಹೆಂಗಸರು ಮತ್ತೆ ಆಸ್ಪತ್ರೆಯ ಬಾಗಿಲಿಗೆ, ಇನ್ನೂ ಅರ್ಧ ಟನ್ ಮಾತ್ರೆ.

ಹಾಗಾದರೆ ರೋಗಾಣುಗಳು ಔಷಧಕ್ಕೆ ಬಗ್ಗದಂತಾಗಿವೆಯೇ? ನನ್ನನ್ನು ಬೆರಗಾಗಿಸಿದ್ದು ಈ ಪ್ರಶ್ನೆಗೆ ಸಿಕ್ಕ ಉತ್ತರ. ಅಮೆರಿಕದಲ್ಲಿ ಬೀಗಿ, ಹಿಲ್ಲಿಯರ್ ಮೊದಲಾದವರು 2004ರಲ್ಲಿ ಪ್ರಕಟಿಸಿದ ಅಧ್ಯಯನಕ್ಕಾಗಿ 119 ಹೆಂಗಸರಿಂದ ಸಾವಿರಕ್ಕೂ ಹೆಚ್ಚು ಬ್ಯಾಕ್ಟೀರಿಯಾ ಮಾದರಿಗಳನ್ನು ಬೆಳೆಸಿ ನೋಡಿದರು. ಮೆಟ್ರೊನಿಡಜೋಲ್‌ಗೆ ಜಗ್ಗದವು ನೂರಕ್ಕೆ ಒಂದೂ ಇರಲಿಲ್ಲ! ಇದೇ ರೋಗಕ್ಕೆ ಕೊಡುವ ಇನ್ನೊಂದು ಔಷಧ ಕ್ಲಿಂಡಾಮೈಸಿನ್‌ನ ಕಥೆಯೇ ಬೇರೆ: ಚಿಕಿತ್ಸೆಗೆ ಮೊದಲು ನೂರಕ್ಕೆ 17 ಇದ್ದ ಪ್ರತಿರೋಧ, ಅದೇ ಔಷಧ ಕೊಟ್ಟ ಮೇಲೆ 53ಕ್ಕೆ ಏರಿತ್ತು. ಆದರೆ ಮೆಟ್ರೊನಿಡಜೋಲ್ ಪ್ರಯೋಗಾಲಯದ ತಟ್ಟೆಯಲ್ಲಿ ಗೆಲ್ಲುತ್ತದೆ, ಮೈಯೊಳಗೆ ಸೋಲುತ್ತದೆ.

ಸೂಕ್ಷ್ಮದರ್ಶಕದಲ್ಲಿ ಕಣ್ಣಿಟ್ಟರೆ ಕಾರಣದ ಜಾಡು ಸಿಗುತ್ತದೆ. ಯೋನಿಯ ಒಳಗೋಡೆಯಿಂದ ಕಳಚಿದ ಜೀವಕೋಶ ಅಗಲವಾಗಿ, ಚಪ್ಪಟೆಯಾಗಿ, ಅಂಚು ಗೆರೆ ಎಳೆದಷ್ಟು ಸ್ಪಷ್ಟವಾಗಿರಬೇಕು. ರೋಗವಿದ್ದವಳಲ್ಲಿ ಆ ಅಂಚೇ ಕಾಣುವುದಿಲ್ಲ. ಗಾರ್ಡ್ನರೆಲ್ಲಾ ಎಂಬ ಬ್ಯಾಕ್ಟೀರಿಯಾ ಚುಕ್ಕಿಚುಕ್ಕಿಯಾಗಿ ಮುತ್ತಿ ಅದನ್ನು ಮಸುಕು ಮಾಡಿರುತ್ತದೆ. ಬಾವಿಯ ಮೆಟ್ಟಿಲಿಗೆ ಪಾಚಿ ಹಿಡಿದಂತೆ ಇವು ಅಂಟುಪೊರೆ ಕಟ್ಟಿಕೊಳ್ಳುತ್ತವೆ. ಬಿಡಿಬಿಡಿಯಾಗಿ ತೇಲುವ ಗಾರ್ಡ್ನರೆಲ್ಲಾ ತಾಳುವುದಕ್ಕಿಂತ ಐದು ಪಟ್ಟು ಹೆಚ್ಚು ಹೈಡ್ರೋಜನ್ ಪೆರಾಕ್ಸೈಡನ್ನು, ನಾಲ್ಕರಿಂದ ಎಂಟು ಪಟ್ಟು ಹೆಚ್ಚು ಲ್ಯಾಕ್ಟಿಕ್ ಆಮ್ಲವನ್ನು ಈ ಪೊರೆಯೊಳಗಿನವು ತಾಳುತ್ತವೆ. 2008ರಲ್ಲಿ ಬರ್ಲಿನ್‌ನ ಸ್ವಿಡ್ಸಿನ್ಸ್ಕಿ ತಂಡ ತೋರಿಸಿದ್ದು ಇದನ್ನೇ: ಏಳು ದಿನದ ಮಾತ್ರೆ ಮುಗಿದಾಗ ಪೊರೆ ಮಂಕಾಗಿತ್ತು, ವಾರಗಳಲ್ಲಿ ಮತ್ತೆ ಚೇತರಿಸಿಕೊಂಡಿತು.

ಆ ಲ್ಯಾಕ್ಟಿಕ್ ಆಮ್ಲವೇ ಹೆಣ್ಣಿನ ದೇಹದ ಸ್ವಂತ ಕಾವಲು. ಲ್ಯಾಕ್ಟೊಬ್ಯಾಸಿಲಸ್ ಎಂಬ ಒಳ್ಳೆಯ ಬ್ಯಾಕ್ಟೀರಿಯಾಗಳು ಅದನ್ನು ತಯಾರಿಸುತ್ತವೆ. ಯೋನಿಯ ಪಿಎಚ್ 4 ಇದ್ದದ್ದು 5 ಆದರೆ ಆಮ್ಲೀಯತೆ ಹತ್ತನೇ ಒಂದಕ್ಕೆ ಕುಸಿದಂತೆ. ಅಷ್ಟರಲ್ಲಿ ಆಮ್ಲಜನಕ ಒಲ್ಲದ ಬ್ಯಾಕ್ಟೀರಿಯಾಗಳು ನೂರರಿಂದ ಸಾವಿರ ಪಟ್ಟು ಹೆಚ್ಚಿರುತ್ತವೆ. ಬಿಳಿ ಸೆರಗು, ವಾಸನೆ ಎಂದು ನಾಚಿ, ತನ್ನದೇ ಕೊಳಕು ಎಂದುಕೊಂಡು ಸೋಪು ಹಾಕಿ ಒಳಗೆಲ್ಲ ತೊಳೆಯುವ ಹೆಂಗಸು ಉಳಿದಿದ್ದ ಕಾವಲನ್ನೂ ಕಳೆದುಕೊಳ್ಳುತ್ತಾಳೆ. ಅವಳ ತಪ್ಪು ಇದರಲ್ಲಿ ಏನೇನೂ ಇಲ್ಲ ಎಂದು ಯಾರಾದರೂ ಎದುರು ಕೂತು ಹೇಳಬೇಕು.

ವಿಶಾಖಪಟ್ಟಣವಿರಲಿ, ಮೈಸೂರಿರಲಿ, ಸರ್ಕಾರಿ ಸುರಕ್ಷಾ ಕ್ಲಿನಿಕ್‌ಗಳಿಗೆ ರಾಷ್ಟ್ರೀಯ ಏಡ್ಸ್ ನಿಯಂತ್ರಣ ಸಂಸ್ಥೆ ಗೊತ್ತುಮಾಡಿದ್ದು ಹಸಿರು ಪೊಟ್ಟಣ: 2 ಗ್ರಾಂ ಸೆಕ್ನಿಡಜೋಲ್, 150 ಮಿಲಿಗ್ರಾಂ ಫ್ಲುಕೊನಜೋಲ್. ರೋಗ ಬ್ಯಾಕ್ಟೀರಿಯಾದ್ದೋ ಶಿಲೀಂಧ್ರದ್ದೋ ಎಂದು ಕಾಯದೆ ಎರಡಕ್ಕೂ ಒಟ್ಟಿಗೇ ಮದ್ದು. ಗಂಡನಿಗೆ ಔಷಧ ಬೇಕಿಲ್ಲ ಎನ್ನುವುದೇ ಬಹುಕಾಲದ ರೂಢಿ.

2025ರಲ್ಲಿ ಬ್ರಾಡ್‌ಶಾ ತಂಡ ಆ ರೂಢಿಯನ್ನೇ ಪರೀಕ್ಷೆಗೆ ಒಡ್ಡಿದ ಫಲಿತಾಂಶ ಬಂತು. ಹೆಂಗಸಿಗೆ ಮಾತ್ರ ಚಿಕಿತ್ಸೆ ಕೊಟ್ಟಾಗ ಹನ್ನೆರಡು ವಾರದೊಳಗೆ ನೂರಕ್ಕೆ 63 ಮಂದಿಗೆ ರೋಗ ಮರಳಿತ್ತು. ಸಂಗಾತಿ ಗಂಡಸಿಗೂ ಕೊಟ್ಟಾಗ 35 ಮಂದಿಗೆ. ವ್ಯತ್ಯಾಸ ಎಷ್ಟು ಎದ್ದು ಕಂಡಿತೆಂದರೆ, ಪ್ರಯೋಗವನ್ನು ಅವಧಿಗೆ ಮೊದಲೇ ನಿಲ್ಲಿಸಿದರು. ಗಂಡಸರು ಮಾಡಬೇಕಾಗಿದ್ದದ್ದು ಇಷ್ಟೇ: ಒಂದು ವಾರ ದಿನಕ್ಕೆ ಎರಡು ಸಲ ಮಾತ್ರೆ ನುಂಗಿ, ಎರಡು ಸಲ ಕ್ಲಿಂಡಾಮೈಸಿನ್ ಮುಲಾಮು ಹಚ್ಚಿಕೊಳ್ಳುವುದು.